ಪಾಠ 12: ಹೊಲ ಯಾರದು?

ಹೊಲ, ಮನೆ, ಹಿತ್ತಲು ನಮ್ಮ ಬಾಳಿಗೆ ಆಸರೆ. ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ, ಯಾವ ತಾಲ್ಲೂಕಿನಲ್ಲಿ ನೋಡಿದರೂ ಹೊಲದ ವ್ಯಾಜ್ಯ ಇದ್ದೇ ಇದೆ. ವ್ಯಾಜ್ಯದಲ್ಲಿ ಒಂದು ಮಾತು ಬರುತ್ತದೆ. "12 ವರ್ಷದಿಂದ ನಾನೇ ಉಳ್ತಾ ಇದೀನಿ. ಇನ್ನು ಹೊಲ ನಂದೇ."

ಇದು ನಿಜವೇ? ಬನ್ನಿ, ತಿಳಿಯೋಣ.

ಒಂದು ಉದಾಹರಣೆ

ಒಬ್ಬ ಅಕ್ಕ ಇದ್ದಾಳೆ ಎಂದುಕೊಳ್ಳಿ. ತವರು ಅರಕಲಗೂಡು ಕಡೆ. ಗಂಡನ ಮನೆ ಚನ್ನರಾಯಪಟ್ಟಣದ ಕಡೆ. ಅಪ್ಪ ಅವಳ ಹೆಸರಿಗೆ 20 ಗುಂಟೆ ಹೊಲ ಬರೆದುಕೊಟ್ಟಿದ್ದಾನೆ. ಪಕ್ಕದ ಹೊಲದವರು 14 ವರ್ಷದಿಂದ ಅದನ್ನು ಉಳುತ್ತಿದ್ದಾರೆ. ಅಕ್ಕ ಹೋಗಿ ಕೇಳಿದಳು.

"ಅಣ್ಣಾ, ನನ್ನ ಹೊಲ ಬಿಟ್ಟುಕೊಡಿ."

"ಯಾಕಮ್ಮಾ ಬಿಡ್ಲಿ? 14 ವರ್ಷ ಆಯ್ತು. ಈಗದು ನಂದು."

"ಕಳೆ ಬೆಳೀತದೆ, ನೋಡ್ಕೊಳ್ಳಿ ಅಂತ ಕೊಟ್ಟೋಳು ನಾನೇ ಅಲ್ವಾ? ಸುಗ್ಗಿ ಆದ್ಮೇಲೆ ಎರಡು ಚೀಲ ರಾಗಿ ಕೊಡ್ತಿದ್ರಿ. ಮರ್ತುಬಿಟ್ರಾ?"

ಅಕ್ಕನ ಮಾತಿನಲ್ಲೇ ಉತ್ತರ ಇದೆ. ಅವರು ಹೊಲಕ್ಕೆ ಬಂದದ್ದು ಅವಳ ಒಪ್ಪಿಗೆಯಿಂದ. ಒಪ್ಪಿಗೆ ಪಡೆದು ಎಷ್ಟು ವರ್ಷ ಉತ್ತರೂ ಹೊಲ ಅವರದಾಗುವುದಿಲ್ಲ. ವಾರಕ್ಕೆ, ಗುತ್ತಿಗೆಗೆ, ಭೋಗ್ಯಕ್ಕೆ ಬಂದವರಿಗೂ ಇದೇ ಮಾತು.

ಕಾನೂನು ಏನು ಹೇಳುತ್ತದೆ?

1963ರ ಕಾಲಮಿತಿ ಕಾಯಿದೆ ಎಂಬ ಕಾನೂನಿದೆ. ನಮ್ಮ ಹೊಲವನ್ನು ಬೇರೆಯವರು ನಮ್ಮ ಹಕ್ಕಿಗೆ ವಿರುದ್ಧವಾಗಿ ಹಿಡಿದುಕೊಂಡರೆ 12 ವರ್ಷದೊಳಗೆ ದಾವಾ ಹೂಡಬೇಕು. ಹೂಡದಿದ್ದರೆ ನಮ್ಮ ಹಕ್ಕು ಹೋಗಿಬಿಡಬಹುದು. ಹೀಗೆ ಹಿಡಿದುಕೊಳ್ಳುವುದಕ್ಕೆ 'ಪ್ರತಿಕೂಲ ಸ್ವಾಧೀನ' ಎನ್ನುತ್ತಾರೆ. ಸರ್ಕಾರದ ಜಮೀನಾದರೆ 12 ಅಲ್ಲ, 30 ವರ್ಷ. ಬಗರ್ ಹುಕುಂ ಅರ್ಜಿ ಬೇರೆ ವಿಷಯ. ಎರಡನ್ನೂ ಬೆರೆಸಬೇಡಿ.

ಆದರೆ ಬರೀ 12 ವರ್ಷ ಎಣಿಸಿದರೆ ಸಾಲದು. ಹೊಲ ನನ್ನದಾಯಿತು ಎನ್ನುವವರೇ ಅದನ್ನು ರುಜುವಾತು ಮಾಡಬೇಕು. ಕರ್ನಾಟಕ ವಕ್ಫ್ ಮಂಡಳಿಗೂ ಭಾರತ ಸರ್ಕಾರಕ್ಕೂ ಬಿಜಾಪುರದ ಒಂದು ಆಸ್ತಿಯ ಬಗ್ಗೆ ವ್ಯಾಜ್ಯ ಇತ್ತು. 2004ರಲ್ಲಿ ಸುಪ್ರೀಂ ಕೋರ್ಟು ಆ ತೀರ್ಪಿನಲ್ಲಿ ಐದು ವಿಷಯ ಹೇಳಿತು. ಅವನ್ನು ತೋರಿಸಬೇಕು:

1. ಯಾವ ದಿನದಿಂದ ಸ್ವಾಧೀನಕ್ಕೆ ಬಂದರು?
2. ಯಾವ ರೀತಿಯ ಸ್ವಾಧೀನ?
3. ಮಾಲೀಕರಿಗೆ ಅದು ಗೊತ್ತಿತ್ತೇ?
4. ಎಷ್ಟು ಕಾಲದಿಂದ ಸ್ವಾಧೀನ ನಡೆದಿದೆ?
5. ಅದು ಬಹಿರಂಗವಾಗಿ, ಅಡ್ಡಿಯಿಲ್ಲದೆ ನಡೆದಿದೆಯೇ?

ಕದ್ದುಮುಚ್ಚಿ ಉತ್ತರೆ ಆಗದು. ನಡುವೆ ಬಿಟ್ಟುಹೋದರೆ ಲೆಕ್ಕ ಮುರಿಯುತ್ತದೆ. ಇನ್ನೊಂದು ಮಾತು. "ಈ ಹೊಲ ನಾನು ಕೊಂಡದ್ದು" ಎಂದೂ "ನಿಮ್ಮದೇ, ಆದರೆ ನಾನು ಹಿಡಿದುಕೊಂಡೆ" ಎಂದೂ ಒಟ್ಟಿಗೆ ಹೇಳಿದರೆ ನಿಲ್ಲುವುದಿಲ್ಲ. ಎರಡೂ ಒಂದಕ್ಕೊಂದು ವಿರುದ್ಧ.

ಅಣ್ಣ ತಮ್ಮಂದಿರು ಉತ್ತರೆ?

ಒಟ್ಟು ಕುಟುಂಬದ ಹೊಲವನ್ನು ಅಣ್ಣನೊಬ್ಬನೇ ಉತ್ತ ಮಾತ್ರಕ್ಕೆ ತಂಗಿಯ ಪಾಲು ಹೋಗುವುದಿಲ್ಲ. ಆದರೆ "ನಿನಗೆ ಪಾಲಿಲ್ಲ" ಎಂದು ಅಣ್ಣ ಎದುರಿಗೇ ಹೇಳಿ ಹೊರಗಿಟ್ಟರೆ ಎಚ್ಚರ! ಅಂದಿನಿಂದ ಲೆಕ್ಕ ಶುರುವಾಗಬಹುದು. ಬಾಯಿ ಜಗಳ ಆಡಿದರೆ ಲೆಕ್ಕ ನಿಲ್ಲುವುದಿಲ್ಲ. ಕಾಲ ಮೀರುವ ಮೊದಲು ನ್ಯಾಯಾಲಯಕ್ಕೆ ಹೋಗಬೇಕು.

ಪಹಣಿ ಓದಿ

ಈಗ ನಮಗೆ ಓದು ಬಂದಿದೆ. ನಮ್ಮ ಹೊಲದ ಪಹಣಿ ತೆಗೆಸೋಣ. 9ನೇ ಕಾಲಂನಲ್ಲಿ ಮಾಲೀಕರ ಹೆಸರಿರುತ್ತದೆ. 12ನೇ ಕಾಲಂನಲ್ಲಿ ಸಾಗುವಳಿ ಮಾಡುವವರ ಹೆಸರು, ಬೆಳೆಯ ವಿವರ ಇರುತ್ತದೆ. 12ನೇ ಕಾಲಂನಲ್ಲಿ ಬೇರೆ ಹೆಸರು ಬಂದ ಮಾತ್ರಕ್ಕೆ ಹೊಲ ಅವರದಾಗಲಿಲ್ಲ. ಆದರೆ ಸುಮ್ಮನಿರಬಾರದು. ಕೂಡಲೇ ವಿಚಾರಿಸಬೇಕು. ಕೋರ್ಟಿನಲ್ಲಿ ಪಹಣಿ, ಕಂದಾಯದ ರಸೀದಿ, ಅಕ್ಕಪಕ್ಕದ ಹೊಲದವರ ಸಾಕ್ಷಿ ಎಲ್ಲವನ್ನೂ ನೋಡುತ್ತಾರೆ.

ಹೊಲವನ್ನು ಬೇರೆಯವರ ವಶಕ್ಕೆ ಬಿಡುವಾಗ ಒಂದು ಚೀಟಿ ಬರೆಸಿ. ತಾರೀಖು ಹಾಕಿಸಿ. ಓದಿ ನೋಡಿ ಸಹಿ ಮಾಡಿ. ಖಾಲಿ ಕಾಗದಕ್ಕೆ ಹೆಬ್ಬೆಟ್ಟು ಒತ್ತಬೇಡಿ.

ನಾವೇ ಬೇರೆಯವರ ಹೊಲದಲ್ಲಿ ಬಹಳ ಕಾಲದಿಂದ ಇದ್ದರೂ ಆ ಐದು ಪ್ರಶ್ನೆಗೆ ಉತ್ತರ ಕೊಡಬೇಕು. ರುಜುವಾತು ಇಲ್ಲದೆ ಕೋರ್ಟಿಗೆ ಹೋಗಿ ಕೈ ಸುಟ್ಟುಕೊಳ್ಳುವುದು ಬೇಡ.

ವಕೀಲರಿಗೆ ದುಡ್ಡಿಲ್ಲವೇ?

1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯಿದೆಯಂತೆ ಹೆಂಗಸರಿಗೆ ಉಚಿತ ಕಾನೂನು ನೆರವು ಉಂಟು. ವರಮಾನ ಎಷ್ಟೇ ಇರಲಿ, ಕೇಳಬಹುದು. ಹಾಸನದಲ್ಲಿ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರ ಇದೆ. ತಾಲ್ಲೂಕಿನ ಕೋರ್ಟಿನಲ್ಲೂ ವಿಚಾರಿಸಿ. 15100ಕ್ಕೆ ಫೋನು ಮಾಡಿದರೂ ದಾರಿ ಹೇಳುತ್ತಾರೆ.

ಉತ್ತರ ಹೇಳಿ

1. ಉದಾಹರಣೆಯ ಹೊಲ ಯಾರದು? ಯಾಕೆ?
2. ಸರ್ಕಾರದ ಜಮೀನಿಗೆ ಎಷ್ಟು ವರ್ಷ?
3. ಮಾಲೀಕರ ಹೆಸರು ಪಹಣಿಯ ಎಷ್ಟನೇ ಕಾಲಂನಲ್ಲಿದೆ?

ನೀವೇ ಮಾಡಿ

ನಿಮ್ಮ ಮನೆಯ ಪಹಣಿ ತನ್ನಿ. ಸರ್ವೆ ನಂಬರು, 9ನೇ ಕಾಲಂನ ಹೆಸರು, 12ನೇ ಕಾಲಂನ ಹೆಸರು ಹುಡುಕಿ. ಪುಸ್ತಕದಲ್ಲಿ ಬರೆದುಕೊಳ್ಳಿ. ನಿಮ್ಮ ಹೆಸರು ಇದೆಯೇ ನೋಡಿ.