ಕೆಮ್ಮಣ್ಣಿನಲ್ಲಿ ಗಾಳಿಯ ಚರಿತ್ರೆ

ಅಜ್ಜಂಪುರದ ಅಮೃತಮಹಲ್ ಕಾವಲಿನ ಹುಲ್ಲು, ಕಡೂರಿನ ತೆಂಗು, ತರೀಕೆರೆಯ ಅಡಕೆ ಇವೆಲ್ಲವೂ ಹಗಲೆಲ್ಲ ಒಂದೇ ಕಾಯಕದಲ್ಲಿ ತೊಡಗಿರುತ್ತವೆ. ಎಲೆಯಲ್ಲಿರುವ ಪತ್ರಹರಿತ್ತು ಸೂರ್ಯನ ಬೆಳಕನ್ನು ಹೀರುತ್ತದೆ. ಆ ಶಕ್ತಿಯಿಂದ ಸಸ್ಯವು ನೀರನ್ನು ಒಡೆದು, ಗಾಳಿಯ ಇಂಗಾಲದ ಡೈಆಕ್ಸೈಡನ್ನು ಬಳಸಿ ಸಕ್ಕರೆಯನ್ನು ತಯಾರಿಸುತ್ತದೆ. ನೀರಿನಿಂದ ಬೇರ್ಪಟ್ಟ ಆಮ್ಲಜನಕವನ್ನು ಹೊರಬಿಡುತ್ತದೆ. ಇದೇ ದ್ಯುತಿಸಂಶ್ಲೇಷಣೆ.

ಇಂದಿನ ಗಾಳಿಯ ನೂರು ಪಾಲಿನಲ್ಲಿ ಸುಮಾರು 21 ಪಾಲು ಆಮ್ಲಜನಕವಿದೆ. ಸುಮಾರು 450 ಕೋಟಿ ವರ್ಷಗಳ ಹಿಂದೆ ಹುಟ್ಟಿದ ಎಳೆಯ ಭೂಮಿಯ ಗಾಳಿಯಲ್ಲಿ ಅದು ಇರಲಿಲ್ಲವೆಂದೇ ಹೇಳಬೇಕು. ಹಾಗಾದರೆ ಅದು ಬಂದುದು ಹೇಗೆ? ಇದಕ್ಕೆ ಸಾಕ್ಷಿ ತರೀಕೆರೆ ತಾಲ್ಲೂಕಿನ ಕೆಮ್ಮಣ್ಣುಗುಂಡಿಯಲ್ಲಿಯೇ ಉಂಟು.

ಬಾಬಾಬುಡನ್ ಗಿರಿಶ್ರೇಣಿಯ ಪಟ್ಟೆ ಪಟ್ಟೆಯಾದ ಕಬ್ಬಿಣದ ಶಿಲೆಗಳು 250 ಕೋಟಿ ವರ್ಷಗಳಿಗಿಂತ ಹಳೆಯವು. ಅವು ಪ್ರಾಚೀನ ಕಡಲಿನ ತಳದಲ್ಲಿ ಪದರಪದರವಾಗಿ ನಿಂತವು. ಒಂದು ಪದರ ಕಬ್ಬಿಣದ ಆಕ್ಸೈಡಿನದು, ಮತ್ತೊಂದು ಸಿಲಿಕಾದ್ದು. ಅಂದಿನ ಕಡಲ ನೀರಿನಲ್ಲಿ ಕಬ್ಬಿಣ ಕರಗಿತ್ತು. ಬಿಸಿಲು ತಲಪುವ ನೀರಿನಲ್ಲಿ ಬೆಳೆದ ನೀಲಿ-ಹಸಿರು ಪಾಚಿಯೆಂಬ ಸೂಕ್ಷ್ಮಜೀವಿಗಳು ಆಮ್ಲಜನಕವನ್ನು ಬಿಡತೊಡಗಿದಾಗ, ಅದು ಗಾಳಿಗೆ ಸೇರುವ ಮೊದಲೇ ಕಬ್ಬಿಣದೊಡನೆ ಕೂಡಿ ತುಕ್ಕಾಗಿ ತಳಕ್ಕಿಳಿಯಿತೆಂದು ಅನೇಕ ಭೂವಿಜ್ಞಾನಿಗಳು ವಿವರಿಸುತ್ತಾರೆ. ಸುಮಾರು 240 ಕೋಟಿ ವರ್ಷಗಳ ಹಿಂದೆ ಮಾತ್ರ ಆಮ್ಲಜನಕವು ಗಾಳಿಯಲ್ಲಿ ನೆಲೆನಿಲ್ಲತೊಡಗಿತು. ಆ ಪಾಚಿಯ ವಂಶದವು ಇಂದಿಗೂ ನಮ್ಮ ಕೆರೆಗಳ ನೀರಿನಲ್ಲಿವೆ.

ಆದರೆ ಉತ್ಪತ್ತಿಯೆಲ್ಲವೂ ಉಳಿತಾಯವಲ್ಲ. ಎಲೆ ಕೊಳೆತಾಗ, ಸೌದೆ ಉರಿದಾಗ, ಪ್ರಾಣಿ ಉಸಿರಾಡಿದಾಗ ಆಮ್ಲಜನಕ ಮತ್ತೆ ವೆಚ್ಚವಾಗುತ್ತದೆ. ಕೊಳೆಯದೆ ಕೆಸರಿನಡಿ ಹೂತುಹೋದ ಜೀವಾಂಶದಿಂದಲೇ ಗಾಳಿಗೆ ಉಳಿತಾಯ ದೊರೆಯಿತು. ಕಲ್ಲಿದ್ದಲು ಹೀಗೆ ಹೂತುಹೋದ ಕಾಡು. ನೆಲದಡಿ ಕೂಡಿಟ್ಟ ಬಿಸಿಲು.

1923ರಲ್ಲಿ ಉತ್ಪಾದನೆಯನ್ನು ಆರಂಭಿಸಿದ ಭದ್ರಾವತಿಯ ಕಾರ್ಖಾನೆಗೆ ಕೆಮ್ಮಣ್ಣುಗುಂಡಿಯ ಅದಿರು ಹೋಗುತ್ತಿತ್ತು. ಮೊದಮೊದಲು ಅದನ್ನು ಕರಗಿಸಿದ್ದು ಮಲೆನಾಡಿನ ಮರದ ಇದ್ದಲು. ಕುಲುಮೆಯಲ್ಲಿ ಇದ್ದಲಿನ ಇಂಗಾಲವು ಅದಿರಿನ ಆಮ್ಲಜನಕವನ್ನು ಸೆಳೆದುಕೊಂಡು ಗಾಳಿಗೆ ಹೋಯಿತು, ಕಬ್ಬಿಣ ಉಳಿಯಿತು. ಕೋಟ್ಯಂತರ ವರ್ಷಗಳ ಬಂಧವನ್ನು ಮನುಷ್ಯನು ಕೆಲವೇ ಗಂಟೆಗಳಲ್ಲಿ ಬಿಡಿಸಿದನು.

ಇಂಥ ಕುಲುಮೆಗಳೂ ಕಲ್ಲಿದ್ದಲು, ಎಣ್ಣೆಗಳ ಉರಿಯೂ ಲೋಕದಲ್ಲೆಲ್ಲ ಹಬ್ಬಿವೆ. ಕೈಗಾರಿಕಾ ಯುಗಕ್ಕೆ ಮೊದಲು ಗಾಳಿಯ ಹತ್ತು ಲಕ್ಷ ಪಾಲಿನಲ್ಲಿ ಸುಮಾರು 280 ಪಾಲಿದ್ದ ಇಂಗಾಲದ ಡೈಆಕ್ಸೈಡ್ 2024ರಲ್ಲಿ 420ನ್ನು ಮೀರಿತ್ತು. ಇದರಿಂದ ಆಮ್ಲಜನಕ ಬರಿದಾಗುವ ಭಯವಿಲ್ಲ; ಆದರೆ ಭೂಮಿಯ ತಾಪವೇರುತ್ತಿದೆ, ಮಳೆಯ ಕ್ರಮ ಕೆಡುತ್ತಿದೆ. ಮಳೆಯನ್ನೇ ನಂಬಿದ ಕಡೂರಿನ ಬಯಲುಸೀಮೆಗೆ ಇದು ದೂರದ ಮಾತಲ್ಲ. ಬೆಟ್ಟದ ಕಾಡನ್ನೂ ಕಾವಲಿನ ಹುಲ್ಲನ್ನೂ ಕಾಯುವುದು, ನೆಲದಡಿಯ ಇಂಧನವನ್ನು ಮಿತವಾಗಿ ಬಳಸುವುದು ಈ ತಲೆಮಾರಿನ ಹೊಣೆ.