ಬೆಳಗಿನ ರೇಡಿಯೋ ರಾಗ ಮತ್ತು ವಾಲ್ಟರ್ ಕೌಫ್ಮನ್ನರು

ಬೆಳಿಗ್ಗೆ ರೇಡಿಯೋ ನಿಲಯ ತೆರೆಯುವ ಹೊತ್ತಿಗೆ, ತಂಬೂರಿಯ ಶ್ರುತಿಯ ಮೇಲೆ ಪಿಟೀಲಿನ ಒಂದು ಚಿಕ್ಕ ರಾಗ ತೇಲಿಬರುತ್ತಿದ್ದುದನ್ನು ನಮ್ಮಲ್ಲಿ ಹಿರಿಯರಾದವರು ಮರೆತಿರಲಾರರು. ಊರಿನಲ್ಲಿ ಎಮ್ಮೆ ಕರೆಯುತ್ತ ಕೇಳಿದವರಿಗೂ, ಇಲ್ಲಿ ಪಟ್ಟಂನ ಬಾಡಿಗೆ ಕೋಣೆಯಲ್ಲಿ ಡ್ಯೂಟಿಗೆ ಹೊರಡುತ್ತ ಕೇಳಿದವರಿಗೂ ಅದು ಒಂದೇ ರಾಗ. ಅದನ್ನು ರಚಿಸಿದವರು ಯಾರು? ಯಾರೋ ಹಿಂದೂಸ್ಥಾನಿ ಉಸ್ತಾದರೆಂದು ನಾವು ಊಹಿಸಬಹುದು. ಆದರೆ ಅದು ಚೆಕ್ ನಾಡಿನಲ್ಲಿ ಹುಟ್ಟಿದ ವಾಲ್ಟರ್ ಕೌಫ್ಮನ್ನರ ಕೃತಿಯೆಂದು ಪ್ರಸಿದ್ಧಿ. ಅವರ ಜೀವನವನ್ನು ಈ ಪಾಠದಲ್ಲಿ ನೋಡೋಣ.

ಕೌಫ್ಮನ್ನರು 1907ರಲ್ಲಿ ಬೊಹೀಮಿಯಾದ ಕಾರ್ಲ್ಸ್‌ಬಾಡಿನಲ್ಲಿ ಹುಟ್ಟಿದರು. ಆ ಊರಿಗೆ ಚೆಕ್ ಭಾಷೆಯಲ್ಲಿ ಕಾರ್ಲೊವಿ ವಾರಿ ಎಂದು ಹೆಸರು. ಬರ್ಲಿನ್ನಿನಲ್ಲಿಯೂ ಪ್ರಾಗಿನಲ್ಲಿಯೂ ಸಂಗೀತ ಕಲಿತರು. ಪ್ರಾಗಿನಲ್ಲಿ ಡಾಕ್ಟರೇಟ್ ಪದವಿ ಕೈಗೆ ಬರುವುದರಲ್ಲಿತ್ತು. ಆದರೆ ತಮ್ಮ ಅಧ್ಯಾಪಕರು ನಾಜಿ ಪಕ್ಷದ ಕಡೆಯವರೆಂದು ತಿಳಿದಾಗ ಆ ಪದವಿಯೇ ಬೇಡವೆಂದರು. 1933ರಲ್ಲಿ ಜರ್ಮನಿಯಲ್ಲಿ ಹಿಟ್ಲರನು ಅಧಿಕಾರಕ್ಕೆ ಬಂದನು. ಯಹೂದಿಗಳಿಗೆ ಕೆಟ್ಟ ದಿನಗಳು ಮೊದಲಾದವು. ಯಹೂದಿಯಾದ ಕೌಫ್ಮನ್ನರು 1934ರಲ್ಲಿ ಮುಂಬಯಿಗೆ ಬಂದಿಳಿದರು.

ಅದಕ್ಕೆ ಮೊದಲೇ ಅವರು ಭಾರತೀಯ ಸಂಗೀತದ ಧ್ವನಿಮುದ್ರಿಕೆಗಳನ್ನು ಕೇಳಿದ್ದರು, ಏನೂ ರುಚಿಸಿರಲಿಲ್ಲ. ಇದಕ್ಕೆ ಕಾರಣವುಂಟು. ಪಿಯಾನೋದಲ್ಲಿ ಒಂದು ಸ್ಥಾಯಿಗೆ ಹನ್ನೆರಡು ಮನೆಗಳು. ಮನೆಯನ್ನು ಒತ್ತಿದರೆ ಒಳಗಿನ ಸುತ್ತಿಗೆ ತಂತಿಗೆ ಬಡಿಯುತ್ತದೆ. ಸ್ವರ ಹುಟ್ಟಿದ ಜಾಗದಲ್ಲೇ ನಿಲ್ಲುತ್ತದೆ. ಅದನ್ನು ಜಾರಿಸುವಂತಿಲ್ಲ, ತೂಗುವಂತಿಲ್ಲ. ನಮ್ಮ ಸಂಗೀತದಲ್ಲಾದರೋ ತೋಡಿಯ ಗಾಂಧಾರ ತೂಗಾಡಿದರೇ ತೋಡಿ, ಗಮಕವಿಲ್ಲದಿದ್ದರೆ ರಾಗವಿಲ್ಲ. ಪಿಯಾನೋ ಮನೆಗಳಲ್ಲಿ ಪಳಗಿದ ಕಿವಿಗೆ ಇದು ಅಪಸ್ವರವೆನಿಸಿದರೆ ಆಶ್ಚರ್ಯವಿಲ್ಲ.

ಆಗ ಕೌಫ್ಮನ್ನರು ವಿಚಾರಮಾಡಿದ ಬಗೆಯೇ ಈ ಪಾಠದ ತಿರುಳು. ಬುದ್ಧಿಯೂ ಹೃದಯವೂ ಇರುವ ಕೋಟ್ಯಂತರ ಜನ ಈ ಸಂಗೀತವನ್ನು ಪ್ರೀತಿಸುತ್ತಾರೆ. ಅದು ನನಗೆ ತಿಳಿಯದಿದ್ದರೆ ಕೊರತೆ ನನ್ನದೇ. ಅದು ಹುಟ್ಟಿದ ನೆಲಕ್ಕೇ ಹೋಗಿ ಕಲಿಯಬೇಕು ಎಂದು ಅವರು ನಿಶ್ಚಯಿಸಿದರು.

ಮುಂಬಯಿಯಲ್ಲಿ ಅವರು ಒಂದು ಸಂಗೀತ ಸಂಘ ಕಟ್ಟಿ, ಪ್ರತಿ ಗುರುವಾರ ಕಚೇರಿ ನಡೆಸಿದರು. ಪಿಯಾನೋ ತಮ್ಮದು, ಪಿಟೀಲು ಮೆಹ್ಲಿ ಮೆಹ್ತಾ ಅವರದು. ಮುಂದೆ ಲೋಕಪ್ರಸಿದ್ಧರಾದ ಜುಬಿನ್ ಮೆಹ್ತಾ ಈ ಮೆಹ್ಲಿಯವರ ಮಗ. 1937ರಿಂದ 1946ರವರೆಗೆ ಕೌಫ್ಮನ್ನರು ಮುಂಬಯಿ ರೇಡಿಯೋದ ಪಾಶ್ಚಾತ್ಯ ಸಂಗೀತ ವಿಭಾಗವನ್ನು ನೋಡಿಕೊಂಡರು. ನಾವು ಮೇಲೆ ಹೇಳಿದ ರಾಗದಲ್ಲಿ ಶಿವರಂಜನಿಯ ಛಾಯೆಯಿದೆ. ಶಿವರಂಜನಿಗೆ ಸ, ರಿ, ಗ, ಪ, ದ ಎಂಬ ಐದೇ ಸ್ವರಗಳು; ಮಧ್ಯಮವೂ ನಿಷಾದವೂ ಇಲ್ಲ. ಮೊದಲು ರುಚಿಸದಿದ್ದ ಸಂಗೀತದಲ್ಲೇ ಅವರು ಒಂದು ದೇಶದ ಬೆಳಗನ್ನು ತೆರೆದರು.

ಅವರಿಗೆ ಹಿಂದಿರುಗಲು ಊರು ಉಳಿದಿರಲಿಲ್ಲ. 1938ರಲ್ಲಿ ಕಾರ್ಲ್ಸ್‌ಬಾಡ್ ಹಿಟ್ಲರನ ಜರ್ಮನಿಗೆ ಸೇರಿಹೋಯಿತು. ರಜೆ ಸಿಕ್ಕಿದರೆ ನಾವು ರೈಲು ಹತ್ತಿ ಊರಿಗೆ ಹೋಗಬಲ್ಲೆವು. ಅವರಿಗೆ ಆ ಭಾಗ್ಯವಿರಲಿಲ್ಲ. 1946ರಲ್ಲಿ ಲಂಡನ್ನಿಗೆ ಹೋದರು. ಬಳಿಕ ಕೆನಡಾದ ಹಾಲಿಫ್ಯಾಕ್ಸಿನ ಸಂಗೀತಶಾಲೆಯಲ್ಲಿ ಪಿಯಾನೋ ವಿಭಾಗದ ಮುಖ್ಯಸ್ಥರಾದರು. ಮುಂದೆ ವಿನಿಪೆಗ್ಗಿನ ವಾದ್ಯವೃಂದವನ್ನು ಸುಮಾರು ಹತ್ತು ವರ್ಷ ನಡೆಸಿ, 1957ರಿಂದ ಅಮೆರಿಕದ ಇಂಡಿಯಾನಾ ವಿಶ್ವವಿದ್ಯಾಲಯದಲ್ಲಿ ಪಾಠ ಹೇಳಿದರು. 1968ರಲ್ಲಿ ಉತ್ತರ ಭಾರತದ ರಾಗಗಳನ್ನು ಕುರಿತು, 1976ರಲ್ಲಿ ನಮ್ಮ ದಕ್ಷಿಣದ ರಾಗಗಳನ್ನು ಕುರಿತು ದೊಡ್ಡ ಗ್ರಂಥಗಳನ್ನು ಹೊರತಂದರು. ಭಾರತದಲ್ಲಿ ವಿದ್ಯಾರ್ಥಿಯಾಗಿ ಪಡೆದುದನ್ನು ಹೀಗೆ ಪರದೇಶದ ವಿದ್ಯಾರ್ಥಿಗಳಿಗೆ ಹಂಚಿ, 1984ರಲ್ಲಿ ತೀರಿಕೊಂಡರು.

ಇದರಿಂದ ನಾವು ಕಲಿಯುವುದೇನು? ನಾವೂ ಹೊಟ್ಟೆಪಾಡಿಗೆ ಬಂದವರು. ಮಲಯಾಳದ ಮಾತು ಬಲು ಬೇಗ, ಕಥಕಳಿ ಬಲು ನಿಧಾನ ಎಂದು ನಮ್ಮನಮ್ಮಲ್ಲೇ ಹೇಳಿಕೊಂಡು ಹತ್ತು ವರ್ಷ ಕಳೆದವರೂ ನಮ್ಮಲ್ಲುಂಟು. ಸಂಬಳ ಇಲ್ಲಿಯದು, ಕಿವಿ ಮಾತ್ರ ಊರಿನದು. ಆದರೆ ಈ ಊರಿನ ಅರಸರಾಗಿದ್ದ ಸ್ವಾತಿ ತಿರುನಾಳರು (1813–1846) ನಮ್ಮ ಕನ್ನಡದಲ್ಲಿಯೂ ಕೀರ್ತನೆಗಳನ್ನು ರಚಿಸಿದ್ದಾರೆ. ಅರಮನೆಯಲ್ಲಿದ್ದವರು ನಮ್ಮ ಮಾತಿಗೆ ಕಿವಿಗೊಟ್ಟಿರುವಾಗ, ಅವರ ಊರಿನಲ್ಲಿ ಅನ್ನ ಉಣ್ಣುವ ನಾವು ಇಲ್ಲಿಯ ಮಾತಿಗೆ ಕಿವಿಗೊಡದಿರುವುದು ಸರಿಯೇ?

ಆದುದರಿಂದ ವಾಚಕರಲ್ಲಿ ನಮ್ಮದೊಂದು ಬಿನ್ನಹ. ಈ ವಾರ ಒಂದು ಮಲಯಾಳ ಹಾಡನ್ನು ಪೂರ್ತಿ ಕೇಳಿರಿ. ತಿಳಿಯದ ಮಾತುಗಳನ್ನು ಪಕ್ಕದ ಮನೆಯವರಲ್ಲಿ ನಾಚದೆ ಕೇಳಿ, ಅರ್ಥವನ್ನು ಪುಸ್ತಕದಲ್ಲಿ ಬರೆದುಕೊಳ್ಳಿರಿ. ಭಾನುವಾರ ವಾಚನಾಲಯಕ್ಕೆ ಬರುವಾಗ ಆ ಪುಸ್ತಕವನ್ನು ಮರೆಯದೆ ತನ್ನಿರಿ. ಎಲ್ಲರೂ ಕೂಡಿ ಓದೋಣ.