ಕವಲು ಕಿವಿರಿನ ಸಿಗಡಿ: ಹೊಸಬರಿಗೊಂದು ಪರಿಚಯ

ಸಿಗಡಿಯನ್ನು ನೀವು ತಟ್ಟೆಯಲ್ಲಿ ಮಾತ್ರ ನೋಡಿದವರಾಗಿದ್ದರೂ ಚಿಂತೆಯಿಲ್ಲ. ಸಸ್ಯಾಹಾರಿಯಾಗಿದ್ದು ಅದನ್ನು ಮುಟ್ಟಿಯೇ ಇಲ್ಲದವರಾದರೂ ಅಡ್ಡಿಯಿಲ್ಲ. ಈ ಪಾಠಕ್ಕೆ ಬೇಕಾದದ್ದು ಒಂದಿಷ್ಟು ಕುತೂಹಲ, ಒಂದು ಬಿಳಿ ಬಟ್ಟಲು, ಉಗುರು ಕತ್ತರಿಸುವಷ್ಟು ಸಣ್ಣ ಕತ್ತರಿ ಮತ್ತು ಹತ್ತು ಪಟ್ಟು ಹಿಗ್ಗಿಸಿ ತೋರಿಸುವ ಒಂದು ಭೂತಗನ್ನಡಿ. ಇಷ್ಟು ಹೊಂದಿಸಿಕೊಂಡರೆ, ಕಡಲಿನಿಂದ ನೂರಾರು ಕಿಲೋಮೀಟರ್ ದೂರದ ಯಲಹಂಕದಲ್ಲೋ ಆರ್.ಟಿ. ನಗರದಲ್ಲೋ ಕುಳಿತು, ಪ್ರಾಣಿಶಾಸ್ತ್ರದ ಒಂದು ಸೊಗಸಾದ ವಿಂಗಡಣೆಯನ್ನು ಕಣ್ಣಾರೆ ಕಾಣಬಹುದು. ಆ ವಿಂಗಡಣೆಯ ಹೆಸರು ಡೆಂಡ್ರೋಬ್ರಾಂಕಿಯೇಟಾ. ಗ್ರೀಕ್ ಮೂಲದ ಪದ. ಮರದಂತೆ ಕವಲೊಡೆದ ಕಿವಿರುಳ್ಳವು ಎಂದರ್ಥ. ಹೆಸರು ಉದ್ದವೆಂದು ಹೆದರಬೇಡಿ, ಲೇಖನ ಮುಗಿಯುವಷ್ಟರಲ್ಲಿ ನಾಲಿಗೆಗೆ ಹೊಂದಿಕೊಳ್ಳುತ್ತದೆ.

ಮೊದಲು ಬುನಾದಿ ಹಾಕೋಣ. ಸಿಗಡಿಯನ್ನು ಮೀನಂಗಡಿಯಲ್ಲಿ ಮಾರಿದರೂ ಅದು ಮೀನಲ್ಲ. ಅದಕ್ಕೆ ಬೆನ್ನೆಲುಬಿಲ್ಲ. ಮೈಯೊಳಗೆ ಇರಬೇಕಾದ ಆಸರೆ ಅದಕ್ಕೆ ಮೈಮೇಲೆ ಚಿಪ್ಪಾಗಿ ಬಂದಿದೆ. ಇಂಥ ಗಟ್ಟಿ ಹೊದಿಕೆಯ ನೀರುಜೀವಿಗಳ ದೊಡ್ಡ ಬಳಗವನ್ನು ಕಠಿಣಚರ್ಮಿಗಳು ಎನ್ನುತ್ತಾರೆ. ಅದರೊಳಗೆ ಐದು ಜೊತೆ, ಅಂದರೆ ಹತ್ತು ಕಾಲುಗಳಿರುವವು ದಶಪಾದಿಗಳು. ಸಿಗಡಿ, ಏಡಿ, ಲಾಬ್‌ಸ್ಟರ್ ಎಲ್ಲವೂ ದಶಪಾದಿಗಳೇ. ಈ ದಶಪಾದಿಗಳನ್ನು ಇಂದಿನ ಪ್ರಾಣಿಶಾಸ್ತ್ರ ಎರಡೇ ಎರಡು ಶಾಖೆಗಳಾಗಿ ಒಡೆಯುತ್ತದೆ. ಒಂದು, ನಮ್ಮ ಡೆಂಡ್ರೋಬ್ರಾಂಕಿಯೇಟಾ. ಇನ್ನೊಂದು, ಪ್ಲಿಯೋಸೈಮೇಟಾ. ಎರಡನೆಯದಕ್ಕೆ ಮುಂದೆ ಬರುತ್ತೇನೆ. ಈ ಕಥೆಯ ಅಚ್ಚರಿ ಅಡಗಿರುವುದು ಅಲ್ಲಿಯೇ.

ಈಗ ಅಂಗಡಿಗೆ ಹೋಗಿ. ಯಶವಂತಪುರವಾಗಲಿ ಹೆಬ್ಬಾಳವಾಗಲಿ, ಸಿಪ್ಪೆ ಸುಲಿದು ತಲೆ ತೆಗೆದು ಪೊಟ್ಟಣ ಕಟ್ಟಿದ ಸಿಗಡಿ ನಮಗೆ ಬೇಡ. ನಾವು ನೋಡಬೇಕಾದದ್ದೆಲ್ಲ ಆ ಕಿತ್ತೆಸೆದ ತಲೆಯ ಭಾಗದಲ್ಲಿದೆ. ತಲೆ ಸಮೇತ ಇರುವ ನಾಲ್ಕಾರು ಸಮುದ್ರದ ಸಿಗಡಿ ಕೇಳಿ. ತಲೆ ಕಪ್ಪಗಾಗಿದ್ದರೆ ಬಿಡಿ; ಸತ್ತ ಸಿಗಡಿಯ ಮೈಯಲ್ಲಿನ ಕಿಣ್ವಗಳು ಗಾಳಿ ತಾಗಿದಾಗ ಹೀಗೆ ಕಪ್ಪು ಬಣ್ಣ ತರುತ್ತವೆ, ಮತ್ತು ಆ ಹೊತ್ತಿಗೆ ಒಳಗಿನ ಮೃದು ಭಾಗಗಳೂ ಕರಗಲು ತೊಡಗಿರುತ್ತವೆ.

ಮನೆಗೆ ತಂದ ಸಿಗಡಿಯನ್ನು ಎಡಮಗ್ಗುಲು ಮೇಲೆ ಬರುವಂತೆ ಮಲಗಿಸಿ. ತಲೆಯನ್ನೂ ಎದೆಯನ್ನೂ ಸೇರಿಸಿ ಮುಚ್ಚಿರುವ ಒಂದೇ ದೊಡ್ಡ ಚಿಪ್ಪು ಕಾಣುತ್ತದೆ. ಅದರ ಕೆಳ ಅಂಚು ಕಾಲುಗಳ ಬುಡದ ಮೇಲೆ ಸಡಿಲವಾಗಿ ಕುಳಿತಿದೆ, ಅಂಟಿಕೊಂಡಿಲ್ಲ. ಕತ್ತರಿಯ ತುದಿಯನ್ನು ಆ ಅಂಚಿನ ಅಡಿಗೆ ತೂರಿಸಿ, ಚಿಪ್ಪಿನ ಪಕ್ಕದ ಹಾಳೆಯನ್ನಷ್ಟೇ ಮೇಲಕ್ಕೆ ಕತ್ತರಿಸಿ ತೆಗೆಯಿರಿ. ಒಳಗೆ ಒಂದು ಚಿಕ್ಕ ಕೋಣೆ. ಅದರಲ್ಲಿ ಕೆನೆ ಬಣ್ಣದ, ಒಂದಕ್ಕೊಂದು ಒತ್ತಿಕೊಂಡ ಮೆತ್ತನೆಯ ಗೊಂಚಲುಗಳು. ಅವೇ ಕಿವಿರುಗಳು.

ಬಹಳ ಜನ ಇಲ್ಲಿಗೇ ನಿಲ್ಲಿಸಿ, ಮರವೂ ಇಲ್ಲ ಕೊಂಬೆಯೂ ಇಲ್ಲ ಎಂದು ನಿರಾಶರಾಗುತ್ತಾರೆ. ನೀವು ನಿಲ್ಲಿಸಬೇಡಿ. ನೀರಿನಿಂದ ಎತ್ತಿದ ಚಿತ್ರ ಬರೆಯುವ ಕುಂಚದ ಕೂದಲುಗಳು ಹೇಗೆ ಒಂದೇ ಮುದ್ದೆಯಾಗುತ್ತವೋ ಹಾಗೆ ಕಿವಿರಿನ ಎಳೆಗಳೂ ಗಾಳಿಯಲ್ಲಿ ಅಂಟಿಕೊಂಡಿವೆ. ಒಂದು ಗೊಂಚಲನ್ನು ಬುಡದಿಂದ ಬಿಡಿಸಿ, ಬಿಳಿ ಬಟ್ಟಲಿನಲ್ಲಿ ಒಂದು ಬೆರಳು ಆಳದ ನೀರಿಟ್ಟು, ಅದರಲ್ಲಿ ತೇಲಿಬಿಡಿ. ನೀರಿಗೆ ಒಂದು ಚಿಟಿಕೆ ಉಪ್ಪು ಬೆರೆಸಿದರೆ ಒಳ್ಳೆಯದು. ಸ್ವಲ್ಪ ಹೊತ್ತಿಗೆ ಎಳೆಗಳು ಬಿಚ್ಚಿಕೊಳ್ಳುತ್ತವೆ. ಈಗ ಭೂತಗನ್ನಡಿ ಹಿಡಿಯಿರಿ. ನಡುವೆ ಒಂದು ಕಾಂಡ. ಕಾಂಡದ ಎರಡೂ ಮಗ್ಗುಲಿಗೆ ಸಾಲಾಗಿ ಹೊರಟು, ಬಿಲ್ಲಿನಂತೆ ಬಾಗಿದ ಕೊಂಬೆಗಳು. ಪ್ರತಿ ಕೊಂಬೆಯ ಮೇಲೆ ಮತ್ತೆ ಸಣ್ಣ ರೆಂಬೆಗಳು. ಆ ರೆಂಬೆಗಳ ತುದಿಯೂ ಮತ್ತೆ ಸೀಳಿಕೊಂಡಿದೆ. ನೀವು ಕಂಡದ್ದು ಡೆಂಡ್ರೋಬ್ರಾಂಕ್, ಅಂದರೆ ಕವಲು ಕಿವಿರು.

ಇಷ್ಟೊಂದು ಕವಲು ಏಕೆ ಬೇಕು? ನೀರಿನಲ್ಲಿ ಕರಗಿರುವ ಆಮ್ಲಜನಕ ಗಾಳಿಯಲ್ಲಿರುವುದಕ್ಕಿಂತ ಬಹಳ ಕಡಿಮೆ. ಅದನ್ನು ಹೀರಿಕೊಳ್ಳಬೇಕಾದರೆ ನೀರಿಗೆ ತಾಗುವ ಚರ್ಮ ಹೆಚ್ಚಬೇಕು, ಆದರೆ ಚಿಪ್ಪಿನ ಕೆಳಗಿರುವ ಜಾಗವೋ ಇಕ್ಕಟ್ಟು. ಇಕ್ಕಟ್ಟಿನಲ್ಲಿ ಹೆಚ್ಚು ಮೇಲ್ಮೈ ಹೊಂದಿಸುವ ಒಂದು ದಾರಿ ಕವಲೊಡೆಯುವುದು. ರೆಂಬೆಗಳೊಳಗೆ ಸಿಗಡಿಯ ರಕ್ತ ಹರಿಯುತ್ತದೆ. ಅದರಲ್ಲಿ ನಮ್ಮ ರಕ್ತದಂತೆ ಕಬ್ಬಿಣದ ಹೀಮೋಗ್ಲೋಬಿನ್ ಇಲ್ಲ, ತಾಮ್ರವಿರುವ ಹೀಮೋಸಯನಿನ್ ಇದೆ. ಆಮ್ಲಜನಕ ಸೇರಿದಾಗ ಅದು ತೆಳು ನೀಲಿಯಾಗುತ್ತದೆ.

ನೀರು ತಾನಾಗಿ ಆ ಕೋಣೆಗೆ ನುಗ್ಗುವುದಿಲ್ಲ. ಬಾಯಿಯ ಹತ್ತಿರದ ಒಂದು ಜೊತೆ ಉಪಾಂಗಗಳಲ್ಲಿ ಚಪ್ಪಟೆಯಾದ ಹಾಳೆಯೊಂದಿದೆ. ಜೀವಂತ ಸಿಗಡಿಯಲ್ಲಿ ಅದು ಎಡೆಬಿಡದೆ ಬಡಿಯುತ್ತಿರುತ್ತದೆ. ಆ ಬಡಿತಕ್ಕೆ ನೀರು ಕಾಲುಗಳ ಬುಡದ ಸಂದಿನಿಂದ ಒಳಗೆ ಬಂದು, ಕಿವಿರುಗಳನ್ನು ಸವರಿ, ತಲೆಯ ಮುಂದಿನಿಂದ ಹೊರಗೆ ಹೋಗುತ್ತದೆ. ಉಸಿರಾಟವಷ್ಟೇ ಅಲ್ಲ, ಮೈಯ ಅಮೋನಿಯ ಹೊರಹಾಕುವುದು, ಉಪ್ಪಿನ ಲೆಕ್ಕ ಸರಿದೂಗಿಸುವುದು ಕೂಡ ಕಿವಿರಿನ ಕೆಲಸವೇ.

ದಶಪಾದಿಗಳಲ್ಲಿ ಕಿವಿರು ಇದೊಂದೇ ಬಗೆಯದಲ್ಲ. ಲಾಬ್‌ಸ್ಟರ್‌ಗಳಲ್ಲಿ ಕಾಂಡದ ಸುತ್ತ ಕವಲಿಲ್ಲದ ನೂಲಿನಂಥ ಎಳೆಗಳಿರುತ್ತವೆ. ಏಡಿಗಳಲ್ಲಿ ಕಾಂಡದ ಎರಡು ಕಡೆ ಚಪ್ಪಟೆ ಹಾಳೆಗಳು ಒತ್ತೊತ್ತಾಗಿ ಜೋಡಣೆಯಾಗಿರುತ್ತವೆ. ಇದಕ್ಕೆ ಎಲೆ ಕಿವಿರು ಎನ್ನೋಣ. ಇನ್ನು ಸಿಹಿನೀರಿನ ಸಿಗಡಿ? ಇದು ಒಳ್ಳೆಯ ಪ್ರಶ್ನೆ, ಏಕೆಂದರೆ ಸಿಹಿನೀರ ಜೀವಿಗಳ ಅಧ್ಯಯನ ಉತ್ತರ ಬೆಂಗಳೂರಿನಲ್ಲೇ ನಡೆಯುತ್ತದೆ. ಹೆಬ್ಬಾಳದಲ್ಲಿ ಪಶುವೈದ್ಯಕೀಯ, ಪಶು ಮತ್ತು ಮೀನುಗಾರಿಕೆ ವಿಜ್ಞಾನಗಳ ವಿಶ್ವವಿದ್ಯಾಲಯದ ಮೀನುಗಾರಿಕೆ ಸಂಶೋಧನೆ ಮತ್ತು ಮಾಹಿತಿ ಕೇಂದ್ರವಿದೆ. ಹೆಸರಘಟ್ಟದಲ್ಲಿ ಕೇಂದ್ರೀಯ ಸಿಹಿನೀರು ಜಲಕೃಷಿ ಸಂಸ್ಥೆಯ ಪ್ರಾದೇಶಿಕ ಕೇಂದ್ರವಿದೆ. ಕೆರೆ, ಹೊಂಡ, ನದಿಯ ಜೀವಿಗಳೇ ಇಲ್ಲಿನ ವಿಷಯ. ಸಿಹಿನೀರಿನಲ್ಲಿ ಸಾಕುವ ದೊಡ್ಡ ಸಿಗಡಿ ಮ್ಯಾಕ್ರೋಬ್ರಾಂಕಿಯಂ ರೋಸೆನ್‌ಬರ್ಗಿ, ವ್ಯಾಪಾರದ ಹೆಸರು ಸ್ಕಾಂಪಿ. ಬಲಿತ ಗಂಡಿನಲ್ಲಿ ನೀಲಿ ಬಣ್ಣದ, ಮೈಗಿಂತ ಉದ್ದವಾಗಬಲ್ಲ ಒಂದು ಜೊತೆ ಕೊಂಡಿಗಾಲುಗಳಿರುತ್ತವೆ. ಇದರ ಚಿಪ್ಪು ಕತ್ತರಿಸಿ ನೋಡಿದರೆ ಮರ ಕಾಣುವುದಿಲ್ಲ. ಅರ್ಧಚಂದ್ರಾಕಾರದ, ಹಾಳೆ ಜೋಡಿಸಿದಂಥ ಎಲೆ ಕಿವಿರುಗಳು ಕಾಣುತ್ತವೆ, ಏಡಿಯಲ್ಲಿರುವಂತೆಯೇ.

ಇಲ್ಲೊಂದು ಸಣ್ಣ ಗೊಣಗಾಟಕ್ಕೆ ಅವಕಾಶ ಕೊಡಿ. ನಮ್ಮ ಪ್ರಾಣಿಶಾಸ್ತ್ರ ತರಗತಿಗಳಲ್ಲಿ ತಲೆಮಾರುಗಳಿಂದ ಸಿಗಡಿಯ ಮಾದರಿಯೆಂದು ಕಲಿಸುತ್ತ ಬಂದದ್ದು ಪೇಲಿಮಾನ್ ಎಂಬ ಸಿಹಿನೀರ ಸಿಗಡಿಯನ್ನು. ಪಕ್ಕಕ್ಕೆ ಎಂಟೆಂಟು ಅರ್ಧಚಂದ್ರ ಕಿವಿರುಗಳ ಚಿತ್ರ ಬರೆದು ಅಂಕ ಪಡೆದವರು ಲೆಕ್ಕವಿಲ್ಲ. ಹಾಗಾಗಿ ಸಿಗಡಿ ಎಂದರೆ ಎಲೆ ಕಿವಿರು ಎಂದೇ ಅನೇಕರ ಮನಸ್ಸಿನಲ್ಲಿ ಕೂತಿದೆ. ಕರಾವಳಿಯ ಬಲೆಗೆ ಬೀಳುವ ಸಿಗಡಿಗಳಲ್ಲಿ ಬಹುಪಾಲು ಕವಲು ಕಿವಿರಿನವು ಎಂಬುದು ಪಾಠದಲ್ಲಿ ಬರುವುದೇ ಇಲ್ಲ.

ಈಗ ಆ ಅಚ್ಚರಿಗೆ ಬರೋಣ. ಅಂಗಡಿಯ ಒಂದೇ ಹಲಗೆಯ ಮೇಲೆ ಮೂರು ಪ್ರಾಣಿಗಳನ್ನು ಸಾಲಾಗಿ ಇಟ್ಟಿದ್ದಾರೆ ಎನ್ನಿ: ಸಮುದ್ರದ ಹುಲಿ ಸಿಗಡಿ, ಸಿಹಿನೀರಿನ ಸ್ಕಾಂಪಿ, ಒಂದು ಏಡಿ. ಯಾವ ಎರಡು ಹತ್ತಿರದ ನೆಂಟರು? ಯಾರನ್ನು ಕೇಳಿದರೂ ಎರಡು ಸಿಗಡಿಗಳತ್ತ ಬೊಟ್ಟು ಮಾಡುತ್ತಾರೆ. ಪ್ರಾಣಿಶಾಸ್ತ್ರ ಹೇಳುವುದು ಬೇರೆ. ಸ್ಕಾಂಪಿ ಮತ್ತು ಏಡಿ ಎರಡೂ ಪ್ಲಿಯೋಸೈಮೇಟಾ ಶಾಖೆಯವು. ಹುಲಿ ಸಿಗಡಿ ಒಂದೇ ಆಚೆ ದಡದ್ದು. ಸಿಗಡಿಯ ಮೈಕಟ್ಟು ಈಜಲು ಅನುಕೂಲವಾದ ಹಳೆಯ ಮಾದರಿ. ಎರಡೂ ಕಡೆಯವರು ಅದನ್ನು ಉಳಿಸಿಕೊಂಡಿದ್ದಾರೆ, ಏಡಿ ಬದಲಾಗಿದೆ, ಅಷ್ಟೆ.

ಇದನ್ನು ಕಿವಿರೊಂದರಿಂದಲೇ ತೀರ್ಮಾನಿಸಿದ್ದೇ? ಇಲ್ಲ. ನಿರ್ಣಾಯಕ ಸಾಕ್ಷಿ ತಾಯಿ ತನ್ನ ಮೊಟ್ಟೆಗಳನ್ನು ಏನು ಮಾಡುತ್ತಾಳೆ ಎಂಬುದರಲ್ಲಿದೆ. ಏಡಿ, ಲಾಬ್‌ಸ್ಟರ್, ಸ್ಕಾಂಪಿ ಇವುಗಳ ಹೆಣ್ಣು ಮೊಟ್ಟೆಗಳನ್ನು ಹೊಟ್ಟೆಯ ಕೆಳಗಿನ ಈಜುಗಾಲುಗಳಿಗೆ ಅಂಟಿಸಿಕೊಂಡು, ಮರಿಯಾಗುವವರೆಗೆ ಹೊತ್ತು ತಿರುಗುತ್ತದೆ. ಕವಲು ಕಿವಿರಿನ ಸಿಗಡಿ ಹೊರುವುದಿಲ್ಲ. ಲಕ್ಷಗಟ್ಟಲೆ ಮೊಟ್ಟೆಗಳನ್ನು ನೇರವಾಗಿ ನೀರಿಗೆ ಬಿಟ್ಟು ಹೋಗುತ್ತದೆ. ಒಂದು ದಿನದೊಳಗೆ ಅವು ಒಡೆದು ನಾಪ್ಲಿಯಸ್ ಎಂಬ ಮರಿ ಹೊರಬರುತ್ತದೆ. ಮೂರು ಜೊತೆ ಉಪಾಂಗ, ಒಂದೇ ಕಣ್ಣು, ತಿನ್ನಲು ಮೊಟ್ಟೆಯ ಭಂಡಾರದ ಉಳಿಕೆ, ಇಷ್ಟೇ ಅದರ ಆಸ್ತಿ. ದಶಪಾದಿಗಳಲ್ಲಿ ನಾಪ್ಲಿಯಸ್ ಆಗಿ ಹೊರಬಂದು ಸ್ವತಂತ್ರವಾಗಿ ಈಜುವುದು ಈ ಶಾಖೆಯವು ಮಾತ್ರ. ಉಳಿದವು ಆ ಹಂತವನ್ನು ಮೊಟ್ಟೆಯೊಳಗೇ ಕಳೆಯುತ್ತವೆ. ಆರು ನಾಪ್ಲಿಯಸ್ ಹಂತ, ಮೂರು ಪ್ರೋಟೋಜೋಯಿಯ, ಮೂರು ಮೈಸಿಸ್ ದಾಟಿದ ಮೇಲೆ ಅದಕ್ಕೆ ಸಿಗಡಿಯ ರೂಪ ಬರುತ್ತದೆ. ಈ ಹಂತಗಳನ್ನು ತೊಟ್ಟಿಯಲ್ಲಿ ಮೊದಲು ದಾಟಿಸಿದವರು ಜಪಾನಿನ ಮೊಟೊಸಾಕು ಹುಡಿನಾಗ. 1942ರಲ್ಲಿ ಅವರು ಪ್ರಕಟಿಸಿದ ಕೆಲಸವೇ ಇಂದಿನ ಸಿಗಡಿ ಮರಿ ಉತ್ಪಾದನೆಯ ಅಡಿಪಾಯ.

ಡೆಂಡ್ರೋಬ್ರಾಂಕಿಯೇಟಾ ಎಂದು ಹೆಸರಿಟ್ಟ ಕಥೆ ಚಿಕ್ಕದು. 1872ರಿಂದ 1876ರವರೆಗೆ ಬ್ರಿಟನ್ನಿನ ಚಾಲೆಂಜರ್ ಹಡಗು ಸಾಗರಗಳನ್ನು ಸುತ್ತಿ ತಂದ ಮಾದರಿಗಳನ್ನು ಪರೀಕ್ಷಿಸಿದ ಚಾರ್ಲ್ಸ್ ಸ್ಪೆನ್ಸ್ ಬೇಟ್, ಕಿವಿರಿನ ಆಕಾರ ಹಿಡಿದು 1888ರಲ್ಲಿ ಈ ಹೆಸರು ಕೊಟ್ಟರು. ಆದರೂ ಬಹುಕಾಲ ಈಜುವವು, ನಡೆಯುವವು ಎಂಬ ಹಳೆಯ ವಿಂಗಡಣೆಯೇ ನಡೆಯಿತು. 1963ರಲ್ಲಿ ಮಾರ್ಟಿನ್ ಬರ್ಕನ್‌ರೋಡ್ ಕಿವಿರು, ಮೊಟ್ಟೆ ಎರಡನ್ನೂ ಸೇರಿಸಿ ತೂಗಿ ಇಂದಿನ ಎರಡು ಶಾಖೆಗಳನ್ನು ನಿಲ್ಲಿಸಿದರು. ಅಮೆರಿಕದ ಓಕ್ಲಹೋಮದಲ್ಲಿ ಸಿಕ್ಕಿದ, 2010ರಲ್ಲಿ ವಿವರಿಸಲಾದ ಅಸಿಕ್ಯುಲೋಪೋಡ ಎಂಬ ಸಿಗಡಿ ಪಳೆಯುಳಿಕೆಯ ವಯಸ್ಸು ಸುಮಾರು 36 ಕೋಟಿ ವರ್ಷ. ಅದನ್ನು ಈ ಕವಲು ಕಿವಿರಿನ ಗುಂಪಿಗೇ ಸೇರಿಸಿದ್ದಾರೆ.

ಅಂಗಡಿಯವರ ಮುಂದೆ ಕತ್ತರಿ ತೆಗೆಯಲಾಗುವುದಿಲ್ಲವಲ್ಲ, ಹೊರಗಿನಿಂದಲೇ ಗುರುತಿಸುವುದು ಹೇಗೆ? ಬಾಲದ ಕಡೆಯ ಹೊಟ್ಟೆಯ ಭಾಗವನ್ನು ನೋಡಿ. ಅದು ಆರು ಖಂಡಗಳ ಸಾಲು. ಎರಡನೆಯ ಖಂಡದ ಪಕ್ಕದ ಹಲಗೆ ಮುಂದಿನದನ್ನೂ ಹಿಂದಿನದನ್ನೂ ಎರಡನ್ನೂ ಮುಚ್ಚಿಕೊಂಡಿದ್ದರೆ ಅದು ಸ್ಕಾಂಪಿಯ ಕಡೆಯದು. ಪ್ರತಿ ಹಲಗೆಯೂ ಹೆಂಚು ಹೊದಿಸಿದ ಕ್ರಮದಲ್ಲಿ ತನ್ನ ಹಿಂದಿನದನ್ನಷ್ಟೇ ಮುಚ್ಚುತ್ತ ಹೋಗಿದ್ದರೆ ಕವಲು ಕಿವಿರಿನದು. ನಡೆಯುವ ಕಾಲುಗಳಲ್ಲಿ ಮೊದಲ ಮೂರು ಜೊತೆಯ ತುದಿಯಲ್ಲೂ ಪುಟ್ಟ ಇಕ್ಕುಳವಿದ್ದರೆ ಇನ್ನೂ ಖಚಿತ. ಸ್ಕಾಂಪಿಗೆ ಇಕ್ಕುಳ ಮೊದಲ ಎರಡು ಜೊತೆಗೆ ಮಾತ್ರ. ಹೊಟ್ಟೆಯಡಿ ಮೊಟ್ಟೆಗೊಂಚಲು ಕಂಡರಂತೂ ಅದು ಖಂಡಿತ ನಮ್ಮ ಶಾಖೆಯದಲ್ಲ. ಹುಲಿ ಸಿಗಡಿಯ ಬೆನ್ನ ಚಿಪ್ಪಿನಡಿ ಹಸಿರು ಪಟ್ಟಿ ಕಂಡರೆ ಗೊಂದಲಪಡಬೇಡಿ, ಅದು ಇನ್ನೂ ಒಳಗಿರುವ ಅಂಡಾಶಯ.

ನಿಮ್ಮ ಬುಟ್ಟಿಗೆ ಬಂದದ್ದು ಬಹುಶಃ ಲಿಟೋಪೀನಿಯಸ್ ವನ್ನಾಮೈ. ಮೆಕ್ಸಿಕೋದಿಂದ ಪೆರುವರೆಗಿನ ಪೆಸಿಫಿಕ್ ಕರಾವಳಿ ಅದರ ತವರು. 2009ರಲ್ಲಿ ಭಾರತದಲ್ಲಿ ಸಾಕಣೆಗೆ ಅನುಮತಿ ಸಿಕ್ಕ ಮೇಲೆ ಆಂಧ್ರದ ಕೊಳಗಳನ್ನೆಲ್ಲ ತುಂಬಿಕೊಂಡಿತು. ಮಂಗಳೂರು, ಮಲ್ಪೆಯ ದೋಣಿಗಳಿಂದ ಬರುವ ಬಿಳಿ ಸಿಗಡಿ, ಹುಲಿ ಸಿಗಡಿ, ಕರಿಕಾಡಿ ಎಲ್ಲವೂ ಇದೇ ಶಾಖೆಯವು. ತುಳುವರು ಎಟ್ಟಿ ಎನ್ನುವುದು, ಕುಂದಾಪುರದವರು ಚಟ್ಲಿ ಎನ್ನುವುದು ಹೆಚ್ಚಾಗಿ ಇವನ್ನೇ. ಇವುಗಳಲ್ಲಿ ಹಲವು ಕಡಲಲ್ಲಿ ಹುಟ್ಟಿ, ಎಳವೆಯಲ್ಲಿ ನದಿಯ ಅಳಿವೆಗೆ ಬಂದು ಬೆಳೆದು, ಮತ್ತೆ ಕಡಲಿಗೆ ಮರಳುತ್ತವೆ. ಅಘನಾಶಿನಿ ದಡದ ಗಜನಿ ಗದ್ದೆಗಳಲ್ಲಿ ಮಳೆಗಾಲದಲ್ಲಿ ಕಗ್ಗ ಭತ್ತ ಬೆಳೆದು, ಕೊಯ್ಲಾದ ಮೇಲೆ ಉಬ್ಬರದ ನೀರು ಬಿಟ್ಟು ಸಿಗಡಿ ಹಿಡಿಯುವ ಪದ್ಧತಿ ನಿಂತಿರುವುದು ಈ ಓಡಾಟದ ಮೇಲೆಯೇ. ಸ್ಕಾಂಪಿಯದು ಇದರ ತಿರುವುಮುರುವು: ಬದುಕು ಸಿಹಿನೀರಿನಲ್ಲಿ, ಆದರೆ ಮರಿಗಳಿಗೆ ಉಪ್ಪು ಬೆರೆತ ನೀರೇ ಬೇಕು.

ಇನ್ನು ಉಳಿದದ್ದು ಒಂದು ಮನೆಗೆಲಸ. ಒಣ ಮೀನಿನ ಅಂಗಡಿಯಲ್ಲಿ ಒಂದು ಹಿಡಿ ತೀರ ಸಣ್ಣ ಒಣ ಸಿಗಡಿ ಕೊಂಡು ರಾತ್ರಿ ನೀರಿನಲ್ಲಿ ನೆನೆಸಿ. ಅದರಲ್ಲಿ ಹಲವು ಸಲ ಅಸೀಟಿಸ್ ಎಂಬ ಪುಟ್ಟ ಸಿಗಡಿ ಇರುತ್ತದೆ, ಅದೂ ನಮ್ಮ ಕವಲು ಕಿವಿರಿನ ಶಾಖೆಯದೇ. ಇದರ ಹತ್ತಿರದ ನೆಂಟನಾದ ಲೂಸಿಫರ್ ಕುಟುಂಬದ ಸಿಗಡಿಗಳಿಗಂತೂ ಕಿವಿರೇ ಇಲ್ಲ. ಕಡ್ಡಿಯಂಥ ಮೈಗೆ ಚರ್ಮವೇ ಸಾಕು. ಹೆಸರು ಕೊಟ್ಟ ಅಂಗವೇ ಇಲ್ಲದಿದ್ದರೂ ಉಳಿದ ಸಾಕ್ಷಿಗಳ ಬಲದಿಂದ ಅವು ಡೆಂಡ್ರೋಬ್ರಾಂಕಿಯೇಟಾ ಆಗಿಯೇ ಉಳಿದಿವೆ. ಅಸೀಟಿಸ್ ಸಿಕ್ಕಿತೆಂದರೆ ಭೂತಗನ್ನಡಿಯಡಿ ಅದರ ನಡೆಯುವ ಕಾಲುಗಳನ್ನು ಎಣಿಸಿ. ದಶಪಾದಿಯಾದರೂ ಅದಕ್ಕೆ ಕೊನೆಯ ಎರಡು ಜೊತೆ ಇಲ್ಲ. ನಿಮಗೆ ಸಿಗುವುದು ಆರೇ ಕಾಲು.